ಅಮೇರಿಕೆಯ ವಲಸೆಗಾರರೂ ನಮ್ಮ ಪೇಟೆಯ ವಲಸೆಗಾರರೂ

ಹೋದ ಬೇಸಗೆಯಲ್ಲಿ ಒಂದು ದಿನ ಮಾಮೂಲ್‌ಪೇಟೆಯ ಸಗಟು ಅಂಗಡಿಯೊಂದರ ಮುಂದೆ ನಾವು ನಿಂತಿದ್ದಾಗ ಕಣ್ಣಿಗೆ ಬಿದ್ದ ಒಂದು ಸಣ್ಣ ಸಂಗತಿಯೇ ಈ ಲೇಖನಕ್ಕೆ ಕಾರಣ. ಚಾಮರಾಜಪೇಟೆಯ ವೃದ್ಧ ಗೃಹಿಣಿಯೊಬ್ಬರು ಮೊಮ್ಮಗನ ಉಪನಯನಕ್ಕೆಂದು ದ್ರಾಕ್ಷಿ, ಗೋಡಂಬಿ, ಕಲ್ಲುಸಕ್ಕರೆ ಮೊದಲಾದುವನ್ನು ಕೊಳ್ಳಲು ಬಂದಿದ್ದರು. ವಟುವಾಗಲಿದ್ದ ಬಾಲಕನೂ ಜೊತೆಯಲ್ಲಿದ್ದನು. ಅಮೇರಿಕೆಯ ನ್ಯೂಜರ್ಸಿಯಲ್ಲಿ ಹುಟ್ಟಿ ಬೆಳೆದವನು, ವಯಸ್ಸು ೧೧. ಅಂಗಡಿಯ ಯಜಮಾನರು ರಾಜಸ್ಥಾನದ ಮೂಲದವರು. ಅವರ ತಂದೆಯವರ ಕಾಲದಿಂದಲೂ ಈ ಓಣಿಯಲ್ಲಿ ವ್ಯಾಪಾರ ಮಾಡಿಕೊಂಡು ಬಂದವರು.

"ಏನು ಸೇಟ್ರೇ, ಗೋಡಂಬಿಗೆ ಹೋದ ತಿಂಗಳಿಗಿಂತ ನೂರು ರೂಪಾಯಿ ಏರಿಸಿಬಿಟ್ಟಿದ್ದೀರಲ್ಲ!" ಎಂದು ಆಕೆ ಆಕ್ಷೇಪಿಸಿದರು.

"ನಾನೆಲ್ಲಿ ಏರಿಸಿದೆ ಅಮ್ಮಾ? ಮಾಲು ಬರೋ ಕಡೆಯೇ ಏರಿದೆ. ನಮ್ಮ ತಂದೆ ಕಾಲದಿಂದ ಬರ್ತಾ ಇದ್ದೀರಿ, ನಿಮ್ಮ ಹತ್ರ ಲಾಭ ತಗೊಂಡು ನಾನೇನು ಮಹಡಿ ಕಟ್ಟಬೇಕಾ?" ಎಂದು ಯಜಮಾನರು ಅಚ್ಚ ಪೇಟೆಯ ಕನ್ನಡದಲ್ಲಿ ಉತ್ತರವಿತ್ತರು. ಅನಂತರ ಹಿಂದೆ ಕುಳಿತಿದ್ದ ಮಗನ ಕಡೆಗೆ ತಿರುಗಿ ಮಾರ್ವಾಡಿಯಲ್ಲಿ ತೂಕದ ಲೆಕ್ಕವನ್ನು ಕೇಳಿದರು. ಅವನೂ ಮಾರ್ವಾಡಿಯಲ್ಲಿಯೇ ಹೇಳಿದನು. ಕೊನೆಗೆ ಬಾಲಕನನ್ನು ಕಂಡು, "ನಿನ್ನ ಹೆಸರೇನಪ್ಪಾ? ಯಾವ ಕ್ಲಾಸು?" ಎಂದು ವಿಚಾರಿಸಿದರು. ಬಾಲಕನು ಅಜ್ಜಿಯ ಮುಖವನ್ನು ನೋಡಿದನು. "ಅವನಿಗೆ ಕನ್ನಡ ಬರಲ್ಲ ಸೇಟ್ರೇ" ಎಂದು ಆ ತಾಯಿ ಧ್ವನಿಯನ್ನು ತಗ್ಗಿಸಿ ಹೇಳಿದರು. ಬೆಲೆಯ ಮಾತಿನಲ್ಲಿ ಕೇಳಿಸಿದ್ದ ಗಟ್ಟಿ ಕಂಠವು ಈ ಮಾತಿನಲ್ಲಿ ಇರಲಿಲ್ಲ.

ಸಾವಿರ ಮೈಲಿಯಾಚೆಯಿಂದ ಬಂದು ನೆಲಸಿದ ಮನೆತನದವರು ತಮ್ಮ ನುಡಿಯನ್ನೂ ಉಳಿಸಿಕೊಂಡು ನಮ್ಮ ನುಡಿಯನ್ನೂ ಕಲಿತಿದ್ದಾರೆ. ಇಲ್ಲಿಂದ ಹೊರಟು ಕಡಲಾಚೆ ನೆಲಸಿದ ನಮ್ಮವರ ಮಗುವಿಗೆ ತನ್ನ ಅಜ್ಜಿಯೊಡನೆ ಮಾತನಾಡಲು ದುಭಾಷಿಯು ಬೇಕು. ಇಬ್ಬರೂ ವಲಸೆಗಾರರೇ. ಆದರೆ ಒಂದು ಕಡೆ ಉಳಿದದ್ದು ಮತ್ತೊಂದು ಕಡೆ ಏಕೆ ಉಳಿಯಲಿಲ್ಲ? ಅಮೇರಿಕೆಯ ಗಾಳಿಯೇ ಅಂಥದೆಂದು ಹೇಳಿ ಸಮಾಧಾನ ಪಟ್ಟುಕೊಳ್ಳುವವರು ನಮ್ಮಲ್ಲಿ ಬಹಳ ಮಂದಿ ಇದ್ದಾರೆ. ಆ ಉತ್ತರವು ಪೂರ್ಣವಾದುದಲ್ಲವೆಂಬುದು ನಮ್ಮ ಅಭಿಪ್ರಾಯ.

ಅಮೇರಿಕಾ ಸಂಯುಕ್ತ ಸಂಸ್ಥಾನಗಳ ಚರಿತ್ರೆಯು ವಲಸೆಗಾರರ ಚರಿತ್ರೆಯೇ ಆಗಿದೆ. ಅಲ್ಲಿನ ಮೂಲನಿವಾಸಿಗಳನ್ನು ಬಿಟ್ಟರೆ ಮಿಕ್ಕವರೆಲ್ಲರೂ ಒಂದಲ್ಲ ಒಂದು ಕಾಲದಲ್ಲಿ ಹಡಗಿನಿಂದಿಳಿದವರು ಅಥವಾ ಸಂಕೋಲೆಯಲ್ಲಿ ಇಳಿಸಲ್ಪಟ್ಟವರು. ಆದರೂ ಮೊದಲು ಇಳಿದವನು ಆಮೇಲೆ ಇಳಿದವನನ್ನು ಪರಕೀಯನೆಂದು ಕರೆಯುವ ವಿಚಿತ್ರವು ಆ ದೇಶದಲ್ಲಿ ಮೊದಲಿನಿಂದಲೂ ನಡೆದು ಬಂದಿದೆ. ಜರ್ಮನರ ದೃಷ್ಟಾಂತವನ್ನೇ ನೋಡಬಹುದು. ೧೬೮೩ರಲ್ಲಿ ಪೆನ್ಸಿಲ್ವೇನಿಯಾದ ಜರ್ಮನ್‌ಟೌನಿನಲ್ಲಿ ನೆಲಸತೊಡಗಿದ ಈ ಜನರು ಎರಡು ಶತಮಾನಗಳಲ್ಲಿ ದೇಶದ ತುಂಬ ಹರಡಿದರು. ಅವರಿಗೆ ಅವರದೇ ಪಾಠಶಾಲೆಗಳು, ಅವರದೇ ಇಗರ್ಜಿಗಳು, ಅವರದೇ ಗಾಯನ ಸಂಘಗಳು ಇದ್ದುವು. ೧೮೯೦ರ ದಶಕದಲ್ಲಿ ಸುಮಾರು ೮೦೦ ಜರ್ಮನ್ ಪತ್ರಿಕೆಗಳು ಅಲ್ಲಿ ಅಚ್ಚಾಗುತ್ತಿದ್ದುವೆಂದರೆ ಅವರ ಸ್ಥಿತಿಯು ಎಷ್ಟು ಭದ್ರವಾಗಿತ್ತೆಂಬುದು ವಾಚಕರಿಗೆ ತಿಳಿದೀತು.

೧೯೧೭ರಲ್ಲಿ ಅಮೇರಿಕೆಯು ಜರ್ಮನಿಯ ಮೇಲೆ ಯುದ್ಧವನ್ನು ಸಾರಿದೊಡನೆಯೇ ಆ ಭದ್ರತೆಯೆಲ್ಲವೂ ಕುಸಿಯಿತು. ಬೀದಿಗಳ ಹೆಸರುಗಳನ್ನು ಬದಲಾಯಿಸಿದರು. ಜರ್ಮನರ ಹುಳಿಗೋಸಿನ ಪಲ್ಯಕ್ಕೆ 'ಸ್ವಾತಂತ್ರ್ಯದ ಕೋಸು' ಎಂದು ನಾಮಕರಣ ಮಾಡಿದರು. ಅಯೋವಾ ಸಂಸ್ಥಾನದ ಗವರ್ನರ್ ಹಾರ್ಡಿಂಗರು ೧೯೧೮ರ ಮೇ ತಿಂಗಳಲ್ಲಿ ಹೊರಡಿಸಿದ ಪ್ರಕಟಣೆಯೊಂದು ಪಾಠಶಾಲೆಯಲ್ಲಿ, ರೈಲಿನಲ್ಲಿ, ಟೆಲಿಫೋನಿನಲ್ಲಿ, ಕೊನೆಗೆ ದೇವರ ಪ್ರಾರ್ಥನೆಯಲ್ಲಿ ಸಹ ಇಂಗ್ಲಿಷಿನ ಹೊರತು ಬೇರೊಂದು ಭಾಷೆಯನ್ನು ಬಹಿರಂಗವಾಗಿ ಆಡಕೂಡದೆಂದು ವಿಧಿಸಿತು. ಯುದ್ಧವು ಮುಗಿದ ಮೇಲೂ ಜ್ವರವಿಳಿಯಲಿಲ್ಲ. ನೆಬ್ರಾಸ್ಕಾ ಸಂಸ್ಥಾನವು ೧೯೧೯ರಲ್ಲಿ, ಎಂಟನೆಯ ತರಗತಿಯನ್ನು ಮುಗಿಸದ ಮಕ್ಕಳಿಗೆ ಅನ್ಯಭಾಷೆಯನ್ನು ಕಲಿಸುವುದೇ ಅಪರಾಧವೆಂದು ಶಾಸನ ಮಾಡಿತು. ರಾಬರ್ಟ್ ಮೇಯರ್ ಎಂಬ ಉಪಾಧ್ಯಾಯನು ಬಿಡುವಿನ ವೇಳೆಯಲ್ಲಿ ಹತ್ತು ವರ್ಷದ ಬಾಲಕನಿಗೆ ಬೈಬಲಿನ ಕಥೆಗಳನ್ನು ಜರ್ಮನ್ ಭಾಷೆಯಲ್ಲಿ ಓದಿಸುತ್ತಿದ್ದುದಕ್ಕಾಗಿ ೨೫ ಡಾಲರು ಜುಲ್ಮಾನೆಗೆ ಗುರಿಯಾದನು. ಆತನು ಸುಮ್ಮನಿರಲಿಲ್ಲ. ಮೊಕದ್ದಮೆಯು ಶ್ರೇಷ್ಠ ನ್ಯಾಯಸ್ಥಾನದವರೆಗೂ ಹೋಗಿ, ೧೯೨೩ರ ಜೂನ್ ೪ರಂದು ಆ ಶಾಸನವು ರಾಜ್ಯಾಂಗ ವಿರುದ್ಧವೆಂದು ತೀರ್ಮಾನವಾಯಿತು. ತೀರ್ಪಿಗೆ ಭಿನ್ನಮತವನ್ನು ಸೂಚಿಸಿದವರಲ್ಲಿ ನ್ಯಾಯಮೂರ್ತಿ ಸದರ್‌ಲ್ಯಾಂಡರೂ ಒಬ್ಬರು. ಅವರ ಹೆಸರನ್ನು ವಾಚಕರು ನೆನಪಿನಲ್ಲಿಡಬೇಕು.

ಏಕೆಂದರೆ ಇದೇ ನ್ಯಾಯಸ್ಥಾನವು ಅದೇ ವರ್ಷದ ಫೆಬ್ರವರಿ ೧೯ರಂದು ನಮ್ಮವನೊಬ್ಬನ ಮೊಕದ್ದಮೆಯನ್ನು ತೀರ್ಮಾನಿಸಿತ್ತು. ಆ ತೀರ್ಪನ್ನು ಬರೆದವರು ಈ ಸದರ್‌ಲ್ಯಾಂಡರೇ. ಪಂಜಾಬಿನ ಭಗತ್ ಸಿಂಗ್ ಥಿಂಡ್ ಎಂಬಾತನು ಮೊದಲನೆಯ ಮಹಾಯುದ್ಧದಲ್ಲಿ ಅಮೇರಿಕೆಯ ಸೈನ್ಯದಲ್ಲಿ ಸೇವೆ ಮಾಡಿ ಪೌರತ್ವವನ್ನು ಬೇಡಿದ್ದನು. ೧೭೯೦ರಷ್ಟು ಹಳೆಯ ಶಾಸನದ ಪ್ರಕಾರ 'ಶ್ವೇತವರ್ಣದವರು' ಮಾತ್ರ ಪೌರರಾಗಬಹುದಾಗಿತ್ತು; ಅನಂತರ ಆಫ್ರಿಕಾ ಮೂಲದವರಿಗೂ ಆ ಹಕ್ಕು ದೊರೆತಿತ್ತು. ತಾನು ಆರ್ಯವಂಶೀಯನಾದುದರಿಂದ ಶ್ವೇತರ ಗಣನೆಗೆ ಸೇರುವೆನೆಂದು ಥಿಂಡನು ವಾದಿಸಿದನು. ಶಾಸ್ತ್ರಜ್ಞರ ಮಾತು ಹೇಗಾದರೂ ಇರಲಿ, ಸಾಮಾನ್ಯ ಮನುಷ್ಯನ ಕಣ್ಣಿಗೆ ಹಿಂದೂದೇಶದವನು ಶ್ವೇತನಲ್ಲವೆಂದು ನ್ಯಾಯಸ್ಥಾನವು ಹೇಳಿಬಿಟ್ಟಿತು. ವರ್ಣದ ಮೇಲೆ ಹಕ್ಕನ್ನು ಕೇಳಿದ ಥಿಂಡನ ವಾದವನ್ನು ನಾವೇನೂ ಮೆಚ್ಚುವುದಿಲ್ಲ. ಆದರೆ ಬೇರೆ ಬಾಗಿಲನ್ನು ಆತನಿಗೆ ಯಾರೂ ತೆರೆದಿಡಲಿಲ್ಲವೆಂಬುದೂ ನಿಜ. ಈ ತೀರ್ಪಿನ ಫಲವಾಗಿ, ಮೊದಲೇ ಪೌರತ್ವವನ್ನು ಪಡೆದಿದ್ದ ಭಾರತೀಯರಿಂದ ಸಹ ಅದನ್ನು ಕಿತ್ತುಕೊಳ್ಳಲಾಯಿತು. ಸ್ಯಾನ್ ಫ್ರಾನ್ಸಿಸ್ಕೋದ ವರ್ತಕ ವೈಷ್ಣೋ ದಾಸ್ ಬಗಾಯಿಯು ಹೀಗೆ ಯಾವ ದೇಶಕ್ಕೂ ಸೇರದವನಾಗಿ ೧೯೨೮ರಲ್ಲಿ ಪ್ರಾಣವನ್ನು ಕಳೆದುಕೊಂಡನು.

ಥಿಂಡನಿಗೆ ೧೯೩೬ರಲ್ಲಿ, ಮಾಜಿ ಸೈನಿಕರಿಗಾಗಿ ಮಾಡಿದ ಬೇರೊಂದು ಶಾಸನದ ಬಲದಿಂದ ಪೌರತ್ವವು ದೊರೆಯಿತು. ಮಿಕ್ಕವರು ೧೯೪೬ರವರೆಗೂ ಕಾಯಬೇಕಾಯಿತು. ಆ ವರ್ಷದ ಶಾಸನವು ಪೌರತ್ವದ ಹಕ್ಕನ್ನು ಕೊಟ್ಟಿತಾದರೂ ಹೊಸದಾಗಿ ಬರುವವರಿಗೆ ಗೊತ್ತುಮಾಡಿದ ಸಂಖ್ಯೆಯು ವರ್ಷಕ್ಕೆ ೧೦೦! ೧೯೪೦ರ ಖಾನೇಷುಮಾರಿಯಲ್ಲಿ ಆ ವಿಶಾಲ ದೇಶದಲ್ಲಿದ್ದ ಭಾರತೀಯರು ೨,೪೦೫ ಮಂದಿ ಮಾತ್ರ.

ಆ ಕಾಲದ ಪಂಜಾಬಿ ಕೃಷಿಕರ ಸಂಸಾರಗಳ ಕಥೆಯು ನಮ್ಮ ಪ್ರಕೃತ ವಿಷಯಕ್ಕೆ ಬಹಳ ಹತ್ತಿರವಾದುದು. ೧೯೧೭ರ ವಲಸೆ ಶಾಸನವು ಏಷ್ಯಾದ ಬಹುಭಾಗದವರಿಗೆ ಬಾಗಿಲನ್ನು ಮುಚ್ಚಿದುದರಿಂದ ಕ್ಯಾಲಿಫೋರ್ನಿಯಾದ ಇಂಪೀರಿಯಲ್ ಕಣಿವೆಯಲ್ಲಿ ದುಡಿಯುತ್ತಿದ್ದ ಗಂಡಸರು ಊರಿನಿಂದ ಹೆಂಡತಿಯರನ್ನು ಕರೆತರಲಾರದವರಾದರು. ಬಿಳಿಯ ಹೆಂಗಸರನ್ನು ಮದುವೆಯಾಗಲು ಅಲ್ಲಿನ ಕಾಯಿದೆಯು ಬಿಡುತ್ತಿರಲಿಲ್ಲ. ಕೊನೆಗೆ ಅನೇಕರು ಮೆಕ್ಸಿಕೋ ಮೂಲದ ಸ್ತ್ರೀಯರನ್ನು ವರಿಸಿದರು. ಮಕ್ಕಳು ತಾಯಿಯ ನುಡಿಯಾದ ಸ್ಪ್ಯಾನಿಷನ್ನು ಆಡಿದರು, ತಾಯಿಯ ಇಗರ್ಜಿಗೆ ಹೋದರು, ಹೆಸರಿನ ಕೊನೆಗೆ ಮಾತ್ರ ಸಿಂಗ್ ಎಂದೋ ಖಾನ್ ಎಂದೋ ತಂದೆಯ ಗುರುತನ್ನು ಹೊತ್ತರು. ತಂದೆಯು ಹೊಲದಲ್ಲಿ ಕೂಲಿಗಳೊಡನೆಯೂ ಸ್ಪ್ಯಾನಿಷಿನಲ್ಲಿಯೇ ಮಾತನಾಡುತ್ತಿದ್ದನು. ಪಂಜಾಬಿಗೆ ಆ ಮನೆಯಲ್ಲಿ ಮಾಡತಕ್ಕ ಕೆಲಸವೇ ಉಳಿದಿರಲಿಲ್ಲ. ಸ್ಟಾಕ್‌ಟನ್ನಿನಲ್ಲಿ ೧೯೧೨ರಿಂದಲೂ ಗುರುದ್ವಾರವಿತ್ತು, ೧೯೧೩ರಲ್ಲಿ ಗದರ್ ಪಕ್ಷವೇ ಆ ತೀರದಲ್ಲಿ ಹುಟ್ಟಿತ್ತು, ಅದರ ಪತ್ರಿಕೆಯೂ ಅಚ್ಚಾಗುತ್ತಿತ್ತು. ದೇಶಕ್ಕಾಗಿ ಪ್ರಾಣ ಕೊಡಬಲ್ಲವರು ಆ ಜನರಲ್ಲಿದ್ದರು. ಆದರೂ ನುಡಿಯು ಒಂದು ತಲೆಮಾರಿಗೆ ನಿಂತಿತು. ದೇಶಭಕ್ತಿಯೊಂದರಿಂದಲೇ ಮನೆಮಾತು ಉಳಿಯುವಂತಿದ್ದರೆ ಅಲ್ಲಿ ಉಳಿಯಬೇಕಾಗಿತ್ತು.

ಹಾಗಾದರೆ ಉಳಿಸಿಕೊಂಡವರು ಯಾರೂ ಇಲ್ಲವೇ? ಇದ್ದಾರೆ. ಪೆನ್ಸಿಲ್ವೇನಿಯಾ, ಒಹಾಯೋ ಮೊದಲಾದ ಕಡೆಗಳಲ್ಲಿರುವ ಆಮಿಷ್ ಎಂಬ ಪಂಥದವರು ಇಂದಿಗೂ ಮನೆಯಲ್ಲಿ ಜರ್ಮನ್ ಭಾಷೆಯ ಒಂದು ಪ್ರಭೇದವನ್ನೇ ಆಡುತ್ತಾರೆ. ಇವರ ಸಂಖ್ಯೆಯು ಮೂರು ಲಕ್ಷಕ್ಕೆ ಮೇಲ್ಪಟ್ಟಿದೆ. ಇವರಿಗೆ ದಿನಪತ್ರಿಕೆಗಳಿಲ್ಲ, ಭಾಷಾ ಸಮ್ಮೇಳನಗಳಿಲ್ಲ. ಕುದುರೆಗಾಡಿಯನ್ನು ಬಿಟ್ಟು ಮೋಟಾರನ್ನು ಇಟ್ಟುಕೊಳ್ಳುವವರೂ ಅಲ್ಲ. ಎಂಟನೆಯ ತರಗತಿಯ ಆಚೆಗೆ ಮಕ್ಕಳನ್ನು ಪಾಠಶಾಲೆಗೆ ಕಳುಹಿಸೆವೆಂದು ಹಟ ಹಿಡಿದು ೧೯೭೨ರಲ್ಲಿ ಶ್ರೇಷ್ಠ ನ್ಯಾಯಸ್ಥಾನದಲ್ಲಿ ಗೆದ್ದವರಿವರು. ನ್ಯೂಯಾರ್ಕಿನ ಬ್ರೂಕ್ಲಿನ್ ಭಾಗದ ಹಸಿದಿ ಪಂಥದ ಯೆಹೂದ್ಯರು ಯಿದ್ದಿಷ್ ಭಾಷೆಯನ್ನು ಹೀಗೆಯೇ ಉಳಿಸಿಕೊಂಡಿದ್ದಾರೆ. ೧೮೯೭ರಲ್ಲಿ ಹುಟ್ಟಿದ 'ಫೋರ್ವರ್ಟ್ಸ್' ಎಂಬ ಯಿದ್ದಿಷ್ ದಿನಪತ್ರಿಕೆಯು ಒಂದು ಕಾಲಕ್ಕೆ ಎರಡು ಲಕ್ಷಕ್ಕೆ ಮಿಕ್ಕ ಪ್ರತಿಗಳನ್ನು ಮಾರುತ್ತಿದ್ದು, ೧೯೮೩ರಲ್ಲಿ ವಾರಪತ್ರಿಕೆಯಾಗಿ ಇಳಿಯಿತು. ಪತ್ರಿಕೆಯನ್ನು ಓದಿದವರ ಮೊಮ್ಮಕ್ಕಳು ಇಂಗ್ಲಿಷಿಗೆ ತಿರುಗಿದರು. ಪತ್ರಿಕೆಯ ಗೊಡವೆಗೆ ಹೋಗದೆ ಮನೆ, ಮದುವೆ, ಪ್ರಾರ್ಥನೆಗಳನ್ನು ಆ ನುಡಿಯಲ್ಲಿಯೇ ನಡೆಸಿದವರ ಮೊಮ್ಮಕ್ಕಳು ಅದನ್ನೇ ಆಡುತ್ತಿದ್ದಾರೆ. ಪತ್ರಿಕೆಯವರಾದ ನಮಗೆ ಇದನ್ನು ಒಪ್ಪಿಕೊಳ್ಳುವುದು ಸ್ವಲ್ಪ ಕಷ್ಟವೇ.

ಇಂಥ ಬೇಲಿಯನ್ನು ಕಟ್ಟಿಕೊಂಡು ಬಾಳಿರೆಂದು ಇಲ್ಲಿನ ಇಂಜಿನಿಯರಿಗೆ ಹೇಳುವ ಮೂರ್ಖತನ ನಮಗಿಲ್ಲ. ಲೋಕವನ್ನು ಬಿಟ್ಟುಕೊಟ್ಟು ಭಾಷೆಯನ್ನು ಕೊಂಡುಕೊಳ್ಳುವ ಆ ವ್ಯಾಪಾರವು ಎಲ್ಲರಿಗೂ ಹಿಡಿಸತಕ್ಕದ್ದಲ್ಲ. ಬೇಲಿಯಿಲ್ಲದೆಯೂ ಉಳಿಯುವ ದಾರಿಯೊಂದಿದೆಯೇ ಎಂಬುದೇ ಪ್ರಶ್ನೆ. ಅದಕ್ಕೆ ಉತ್ತರವನ್ನು ಹುಡುಕಲು ಅಮೇರಿಕೆಯವರೆಗೆ ಹೋಗಬೇಕಾಗಿಲ್ಲ. ಮಾಮೂಲ್‌ಪೇಟೆಯ ಓಣಿಗೆ ಹಿಂದಿರುಗಿದರೆ ಸಾಕು.

'ಮಾಮೂಲು' ಎಂಬ ಶಬ್ದವೇ ಅರಬ್ಬೀ ಭಾಷೆಯಿಂದ ವಲಸೆ ಬಂದು ಕನ್ನಡದ ಮನೆಮಗನಾದುದು. (ಅಧಿಕಾರಿ ವರ್ಗದ ವಾಚಕರಿಗೆ ಅದರ ಮತ್ತೊಂದು ಅರ್ಥವೂ ತಿಳಿಯದ್ದಲ್ಲ.) ೧೫೩೭ರಲ್ಲಿ ಕೆಂಪೇಗೌಡನು ಕಟ್ಟಿದ ಈ ಪೇಟೆಯು ಬಂದವರಿಂದಲೇ ಬೆಳೆಯಿತು. ೧೬೩೮ರಲ್ಲಿ ಬಿಜಾಪುರದ ರಣದುಲ್ಲಾಖಾನನು ಊರನ್ನು ಗೆದ್ದ ಮೇಲೆ ಇದು ಷಹಾಜಿಯ ಜಹಗೀರಾಯಿತು. ಮರಾಠಿ ಮಾತಿನವರು ಬಂದರು. ಆ ಶತಮಾನವು ಮುಗಿಯುವುದರೊಳಗೆ ಮೊಗಲರ ಕೈಯಿಂದ ಮೈಸೂರಿನ ಚಿಕ್ಕದೇವರಾಜ ಒಡೆಯರ ಕೈಗೆ ಬಂದಿತು. ತೆಲುಗು ಮಾತಿನ ದೇವಾಂಗರೂ, ತಮ್ಮದೇ ಆದ ಖತ್ರಿ ಮಾತನ್ನು ಆಡತಕ್ಕ ಪಟ್ಟೆಗಾರರೂ ಮಗ್ಗಗಳನ್ನು ಹೂಡಿದರು. ಗುಜರಾತಿಗಳೂ ಮಾರ್ವಾಡಿಗಳೂ ಗಾದಿಗಳನ್ನು ಹಾಕಿದರು. ಅಕ್ಕಿಪೇಟೆ, ಬಳೇಪೇಟೆ, ಅರಳೆಪೇಟೆ, ತರಗುಪೇಟೆ, ಕುಂಬಾರಪೇಟೆ, ನಗರ್ತಪೇಟೆ, ಹೀಗೆ ಕಸಬಿಗೊಂದು ಕುಲಕ್ಕೊಂದು ಬೀದಿಯಾಯಿತು. ಮನೆಯೊಳಗೆ ಯಾರ ಮಾತು ಅವರಿಗೆ. ಹೊಸ್ತಿಲು ದಾಟಿದರೆ ಕನ್ನಡ. ಊರಿಗೆ ಬಂದವಳು ನೀರಿಗೆ ಬಾರದಿರುವಳೇ ಎಂಬ ಗಾದೆಯಂತೆ ಅಂಗಡಿಗೆ, ಬಾವಿಗೆ, ಕಚೇರಿಗೆ, ಜಾತ್ರೆಗೆ ಬಂದವರೆಲ್ಲರೂ ಊರಿನ ನುಡಿಯನ್ನು ಕಲಿಯಲೇಬೇಕಾಗಿತ್ತು. ಮನೆಯ ನುಡಿಯನ್ನು ಬಿಡಿರೆಂದು ಅವರಿಗೆ ಹೇಳಿದ ಗವರ್ನರನೂ ಇರಲಿಲ್ಲ, ಬೀದಿಯ ನುಡಿಯನ್ನು ಕಲಿಯದೆ ಬದುಕಬಹುದೆಂಬ ಸೌಕರ್ಯವೂ ಇರಲಿಲ್ಲ.

ತಿಗಳರಪೇಟೆಯ ಧರ್ಮರಾಯಸ್ವಾಮಿ ದೇವಸ್ಥಾನದ ಕರಗವನ್ನು ನೋಡದ ಬೆಂಗಳೂರಿಗರು ಯಾರು? ತಮಿಳು ಸೀಮೆಯಿಂದ ಬಂದವರೆಂದು ಹೇಳಲ್ಪಡುವ, ತೋಟಗಾರಿಕೆಯಲ್ಲಿ ಎತ್ತಿದ ಕೈಯೆನಿಸಿದ ವಹ್ನಿಕುಲದವರು ದ್ರೌಪದಿಯ ಆರಾಧನೆಯನ್ನು ತಮ್ಮೊಡನೆ ಇಟ್ಟುಕೊಂಡಿದ್ದಾರೆ. ಚೈತ್ರ ಪೌರ್ಣಮಿಯ ರಾತ್ರಿ ವೀರಕುಮಾರರ ಕತ್ತಿಗಳ ನಡುವೆ ಹೂವಿನ ಕರಗವು ಹೊರಟು ಪೇಟೆಯ ಬೀದಿಗಳನ್ನೆಲ್ಲ ಸುತ್ತುತ್ತದೆ; ಅರಳೆಪೇಟೆಯಲ್ಲಿ ತವಕ್ಕಲ್ ಮಸ್ತಾನರ ದರ್ಗಾದ ಬಳಿ ನಿಂತು ಮುಂದಕ್ಕೆ ಹೋಗುತ್ತದೆ. ಒಂದು ಕುಲದವರ ಹಬ್ಬವು ಊರಿನ ಹಬ್ಬವಾದುದಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನವು ಬೇಕಿಲ್ಲ. ನ್ಯೂಯಾರ್ಕಿನಲ್ಲಿ ೧೭೬೨ರಿಂದ ನಡೆದುಬಂದಿರುವ ಐರಿಷರ ಸಂತ ಪ್ಯಾಟ್ರಿಕನ ಮೆರವಣಿಗೆಗೂ ಇಂಥದೇ ಭಾಗ್ಯವು ಬಂದಿದೆ. ಆ ದಿನ ಎಲ್ಲರೂ ಹಸುರು ಬಟ್ಟೆಯನ್ನು ಉಡುತ್ತಾರೆ. ಆದರೆ ಐರಿಷ್ ಭಾಷೆಯನ್ನು ಆಡತಕ್ಕವರು ಆ ಗುಂಪಿನಲ್ಲಿ ಎಷ್ಟು ಮಂದಿ ಸಿಕ್ಕಿಯಾರು? ಹಬ್ಬವು ಉಳಿಯಿತೆಂದ ಮಾತ್ರಕ್ಕೆ ನುಡಿಯು ಉಳಿಯಿತೆಂದು ಹೇಳಲಾಗುವುದಿಲ್ಲ. ಅಮೇರಿಕೆಯಲ್ಲಿ ರಾಜ್ಯೋತ್ಸವವನ್ನು ಆಚರಿಸುವ ನಮ್ಮ ಬಂಧುಗಳು ಇದನ್ನು ಗಮನಿಸಬೇಕು.

ಮನೆಯ ನುಡಿಗೂ ಊರಿನ ನುಡಿಗೂ ಜಗಳವಿಲ್ಲವೆಂಬುದಕ್ಕೆ ನಮ್ಮ ಸಾಹಿತ್ಯವೇ ಸಾಕ್ಷಿ. ಮಾಸ್ತಿ, ಕೈಲಾಸಂ, ಪು. ತಿ. ನರಸಿಂಹಾಚಾರ್, ರಾಜರತ್ನಂ ಇವರೆಲ್ಲರೂ ಮನೆಯಲ್ಲಿ ತಮಿಳನ್ನು ಆಡಿದವರು. ಧಾರವಾಡದ ಬೇಂದ್ರೆಯವರ ಮನೆಮಾತು ಮರಾಠಿ. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಕನ್ನಡದ ಬಾವುಟವನ್ನು ನೆಟ್ಟ ಎ. ಆರ್. ಕೃಷ್ಣಶಾಸ್ತ್ರಿಗಳು ಸಂಕೇತಿಗಳು. ಈ ಸಂಕೇತಿಗಳ ವಿಷಯವನ್ನು ಎಷ್ಟು ಯೋಚಿಸಿದರೂ ಆಶ್ಚರ್ಯವು ತೀರುವುದಿಲ್ಲ. ಶೆಂಗೋಟೆಯ ಕಡೆಯಿಂದ ಶತಮಾನಗಳ ಹಿಂದೆ ಹೊರಟು ಕೌಶಿಕ, ಬೆಟ್ಟದಪುರಗಳಲ್ಲಿ ನೆಲಸಿದ ಈ ಚಿಕ್ಕ ಸಮಾಜವು ತಮಿಳು ಮಲೆಯಾಳಗಳ ವಾಸನೆಯುಳ್ಳ, ಕನ್ನಡವನ್ನು ಹೀರಿಕೊಂಡ ತನ್ನ ಮಾತನ್ನು ಇಂದಿಗೂ ಆಡುತ್ತಿದೆ. ಆ ಮಾತಿಗೆ ಸ್ವಂತ ಲಿಪಿಯಿಲ್ಲ, ಪಾಠಶಾಲೆಯಿಲ್ಲ, ಸರ್ಕಾರದ ದಯೆಯಂತೂ ಇಲ್ಲವೇ ಇಲ್ಲ. ತಾಯಿಯು ಮಗುವನ್ನು ಊಟಕ್ಕೆ ಕರೆಯುವುದು, ಅತ್ತೆಯು ಸೊಸೆಯನ್ನು ಗದರಿಸುವುದು ಆ ಮಾತಿನಲ್ಲಿ ನಡೆದುಕೊಂಡು ಬಂದಿತು, ಅಷ್ಟೇ.

ಈ ಎರಡು ಬಗೆಯ ವಲಸೆಗಳೂ ಒಬ್ಬನೇ ಪುರುಷನಲ್ಲಿ ಕೂಡಿದುದನ್ನು ನೋಡಬೇಕಾದರೆ ಎ. ಕೆ. ರಾಮಾನುಜನ್ನರನ್ನು ಸ್ಮರಿಸಬೇಕು. ೧೯೨೯ರಲ್ಲಿ ಮೈಸೂರಿನಲ್ಲಿ ಹುಟ್ಟಿದ ಇವರಿಗೆ ಅಡಿಗೆಮನೆಯಲ್ಲಿ ತಾಯಿಯ ತಮಿಳು, ಮಹಡಿಯ ಮೇಲೆ ಗಣಿತದ ಪ್ರಾಧ್ಯಾಪಕರಾದ ತಂದೆಯ ಇಂಗ್ಲಿಷು, ಬೀದಿಯಲ್ಲಿ ಕನ್ನಡ. ೧೯೫೯ರಲ್ಲಿ ಅಮೇರಿಕೆಗೆ ಹೋಗಿ, ೧೯೬೨ರಿಂದ ಷಿಕಾಗೋ ವಿಶ್ವವಿದ್ಯಾಲಯದಲ್ಲಿ ಅಧ್ಯಾಪಕರಾಗಿದ್ದು ೧೯೯೩ರಲ್ಲಿ ಅಲ್ಲಿಯೇ ತೀರಿಕೊಂಡರು. 'ಹೊಕ್ಕುಳಲ್ಲಿ ಹೂವಿಲ್ಲ' ಎಂಬ ಕನ್ನಡ ಕವನ ಸಂಗ್ರಹವು ೧೯೬೯ರಲ್ಲಿ ಬಂದಿತು. ವಚನಗಳ ಇಂಗ್ಲಿಷ್ ಅನುವಾದವು ೧೯೭೩ರಲ್ಲಿ ಪ್ರಕಟವಾಗಿ ಬಸವಣ್ಣ ಅಲ್ಲಮರ ಹೆಸರನ್ನು ಲೋಕದ ಓದುಗರಿಗೆ ಮುಟ್ಟಿಸಿತು. ಷಿಕಾಗೋದ ಹಿಮದಲ್ಲಿ ಕುಳಿತು ಇವರು ಬರೆದ ಕನ್ನಡವು ಮನೆಯಲ್ಲಿ ಕಲಿತ ಕನ್ನಡವಲ್ಲ, ಮೈಸೂರಿನ ಬೀದಿಯಲ್ಲಿ ಕಲಿತದ್ದು. ಆ ಬೀದಿಯು ಷಿಕಾಗೋದಲ್ಲಿ ಹುಟ್ಟಿದ ಮಗುವಿಗೆ ಸಿಕ್ಕುವುದಿಲ್ಲ. ಅದಕ್ಕೆ ಸಿಕ್ಕತಕ್ಕದ್ದು ಮನೆಯೊಂದೇ.

ಕನ್ನಡಿಗರು ಅಮೇರಿಕೆಯನ್ನು ಕಂಡುದು ಇತ್ತೀಚೆಗಲ್ಲ. ಹಿಂದೂಸ್ಥಾನಿ ಸೇವಾದಳವನ್ನು ೧೯೨೩ರಲ್ಲಿ ಸ್ಥಾಪಿಸಿದ ಹುಬ್ಬಳ್ಳಿಯ ಡಾಕ್ಟರ್ ನಾ. ಸು. ಹರ್ಡೀಕರರು ಮೊದಲನೆಯ ಮಹಾಯುದ್ಧದ ಕಾಲದಲ್ಲಿ ಮಿಷಿಗನ್ ವಿಶ್ವವಿದ್ಯಾಲಯದಲ್ಲಿ ಓದಿ, ಲಾಲಾ ಲಜಪತರಾಯರು ೧೯೧೭ರಲ್ಲಿ ನ್ಯೂಯಾರ್ಕಿನಲ್ಲಿ ಆರಂಭಿಸಿದ ಹೋಂರೂಲ್ ಸಂಘದಲ್ಲಿ ದುಡಿದವರು. ಆದರೆ ಆ ಪೀಳಿಗೆಯವರು ವಿದ್ಯೆಯನ್ನು ಪಡೆದು ಹಿಂದಿರುಗಿದರು. ನೆಲಸುವ ಉದ್ದೇಶದಿಂದ ಕುಟುಂಬಗಳು ಹೊರಟದ್ದು ೧೯೬೫ರ ಅಕ್ಟೋಬರ್ ೩ರಂದು ಅಧ್ಯಕ್ಷ ಜಾನ್ಸನ್ನರು ಸ್ವಾತಂತ್ರ್ಯ ದೇವತೆಯ ಪ್ರತಿಮೆಯ ಬುಡದಲ್ಲಿ ಹೊಸ ವಲಸೆ ಶಾಸನಕ್ಕೆ ರುಜು ಹಾಕಿದ ಮೇಲೆ. ಮೊದಲು ವೈದ್ಯರೂ ಇಂಜಿನಿಯರುಗಳೂ ಹೋದರು. ಮಗನ ಮನೆಗೆ ಹೋಗಿಬಂದ ಗೊರೂರು ರಾಮ

ಸ್ವಾಮಿ ಅಯ್ಯಂಗಾರರು 'ಅಮೆರಿಕಾದಲ್ಲಿ ಗೊರೂರು' ಎಂಬ ಪುಸ್ತಕವನ್ನು ಬರೆದು ೧೯೮೦ರಲ್ಲಿ ಸಾಹಿತ್ಯ ಅಕಾಡೆಮಿಯ ಬಹುಮಾನವನ್ನು ಪಡೆದರು. ೧೯೯೦ರ ಶಾಸನವು ಎಚ್-೧ಬಿ ಎಂಬ ರಹದಾರಿಯನ್ನು ಏರ್ಪಡಿಸಿದ ಮೇಲೆ ಗಣಕಯಂತ್ರದ ಕೆಲಸವನ್ನು ಬಲ್ಲ ತರುಣರ ಪ್ರವಾಹವೇ ಹರಿಯಿತು. ಬಸವನಗುಡಿ ಮಲ್ಲೇಶ್ವರಗಳಲ್ಲಿ ಒಬ್ಬ ಮಗನೋ ಮಗಳೋ ಆ ದೇಶದಲ್ಲಿಲ್ಲದ ಮನೆಗಳನ್ನು ಹುಡುಕಬೇಕಾದ ಕಾಲ ಬಂದಿತು. ೨೦೨೦ರ ಖಾನೇಷುಮಾರಿಯ ಪ್ರಕಾರ ಆ ದೇಶದಲ್ಲಿ ಭಾರತ ಮೂಲದವರ ಸಂಖ್ಯೆಯು ೪೭ ಲಕ್ಷವನ್ನು ದಾಟಿದೆ.

ಈ ಕನ್ನಡಿಗರು ಕೈಕಟ್ಟಿಕೊಂಡು ಕುಳಿತವರಲ್ಲ. ಷಿಕಾಗೋದಲ್ಲಿ ವಿದ್ಯಾರಣ್ಯ, ಡೆಟ್ರಾಯಿಟಿನಲ್ಲಿ ಪಂಪ, ಅಟ್ಲಾಂಟಾದಲ್ಲಿ ನೃಪತುಂಗ, ವಾಷಿಂಗ್ಟನ್ನಿನಲ್ಲಿ ಕಾವೇರಿ, ನ್ಯೂಜರ್ಸಿಯಲ್ಲಿ ಬೃಂದಾವನ, ಬಾಸ್ಟನ್ನಿನಲ್ಲಿ ಮಂದಾರ, ಡಲ್ಲಾಸಿನಲ್ಲಿ ಮಲ್ಲಿಗೆ ಎಂದು ಅವರು ಕನ್ನಡ ಕೂಟಗಳಿಗಿಟ್ಟ ಹೆಸರುಗಳನ್ನು ಓದುತ್ತ ಹೋದರೆ ನಮ್ಮ ನದಿಗಳೂ ಕವಿಗಳೂ ಹೂವುಗಳೂ ಸಾಲಾಗಿ ನಿಂತಂತೆ ತೋರುತ್ತದೆ. ೧೯೯೮ರಲ್ಲಿ ಈ ಕೂಟಗಳ ಆಗರವಾಗಿ 'ಅಕ್ಕ' ಎಂಬ ಸಂಸ್ಥೆಯು ಹುಟ್ಟಿತು. ಆಮೇಲೆ ಬೇರೊಂದಾಗಿ 'ನಾವಿಕ' ಬಂದಿತು. ಇಬ್ಬರು ಕನ್ನಡಿಗರು ಸೇರಿದಲ್ಲಿ ಮೂರು ಸಂಘಗಳೆಂಬ ಮಾತು ಕಡಲನ್ನು ದಾಟಿದರೂ ಸುಳ್ಳಾಗಲಿಲ್ಲ! 'ಕನ್ನಡ ಸಾಹಿತ್ಯ ರಂಗ'ವೆಂಬ ಮತ್ತೊಂದು ಸಂಸ್ಥೆಯು ಓದು ಬರಹಗಳಿಗಾಗಿಯೇ ಮೀಸಲಾಗಿದೆ. ಇವೆಲ್ಲಕ್ಕಿಂತಲೂ ನಮ್ಮ ಗೌರವಕ್ಕೆ ಪಾತ್ರರಾದವರು ಶನಿವಾರ ಭಾನುವಾರಗಳಲ್ಲಿ ಬಾಡಿಗೆಯ ಕೊಠಡಿಯಲ್ಲೋ ದೇವಸ್ಥಾನದ ನೆಲಮಾಳಿಗೆಯಲ್ಲೋ ಮಕ್ಕಳನ್ನು ಕೂಡಿಸಿಕೊಂಡು ಅಕ್ಷರವನ್ನು ತಿದ್ದಿಸುವ ತಾಯಂದಿರು. ವೇದಿಕೆಯ ಮೇಲೆ ಹಾರ ಹಾಕಿಸಿಕೊಳ್ಳುವವರ ಹೆಸರುಗಳು ಪತ್ರಿಕೆಯಲ್ಲಿ ಬರುತ್ತವೆ. ಇವರ ಹೆಸರುಗಳು ಬರುವುದಿಲ್ಲ.

ಆದರೆ ವಾರಕ್ಕೆ ಎರಡು ಗಂಟೆಯ ಪಾಠವು ವಾರದ ಮಿಕ್ಕ ನೂರಾರು ಗಂಟೆಗಳನ್ನು ಎದುರಿಸಿ ನಿಲ್ಲಲಾರದು. ಆ ಗಂಟೆಗಳಲ್ಲಿ ತಂದೆತಾಯಿಗಳು ತಮ್ಮತಮ್ಮಲ್ಲಿ ಯಾವ ಮಾತನಾಡುತ್ತಾರೆ? ಇಲ್ಲಿಗೆ ಬಂದಾಗ ನಾವು ಅಮೇರಿಕೆಯನ್ನು ಬಿಟ್ಟು ನಮ್ಮ ಬಾಗಿಲನ್ನೇ ನೋಡಬೇಕಾಗುತ್ತದೆ. ಮೇಲೆ ಹೇಳಿದ ಬಾಲಕನ ತಂದೆಯು ಹುಟ್ಟಿ ಬೆಳೆದುದು ನ್ಯೂಜರ್ಸಿಯಲ್ಲಲ್ಲ, ಚಾಮರಾಜಪೇಟೆಯಲ್ಲಿ. ೧೯೧೫ರಲ್ಲಿ ಸ್ಥಾಪಿತವಾದ ಕನ್ನಡ ಸಾಹಿತ್ಯ ಪರಿಷತ್ತಿನ ಮಂದಿರಕ್ಕೆ ಕಾಲ್ನಡಿಗೆಯ ದೂರದಲ್ಲಿ. ಆತನಿಗೆ ಕನ್ನಡವನ್ನು ಆಡಲು ಬರುತ್ತದೆ. ಓದುವುದು ತ್ರಾಸ, ಬರೆಯುವುದು ಇಲ್ಲವೇ ಇಲ್ಲ. ಒಂದನೆಯ ತರಗತಿಯಿಂದಲೂ ಇಂಗ್ಲಿಷ್ ಮಾಧ್ಯಮದಲ್ಲಿ ಓದಿದವನು. ಮನೆಯಲ್ಲಿ ಇಂಗ್ಲಿಷನ್ನೇ ಆಡಿಸಿದರೆ ಮಗುವು ಚುರುಕಾಗುವುದೆಂದು ಆಗ ಎಲ್ಲರೂ ಹೇಳುತ್ತಿದ್ದರೆಂದು ಆ ಅಜ್ಜಿಯೇ ನಮ್ಮೊಡನೆ ಒಪ್ಪಿಕೊಂಡರು. ಇಂಥವನು ಮಗನಿಗೆ ಕನ್ನಡವನ್ನು ಕಲಿಸಲಿಲ್ಲವೆಂದು ಅಮೇರಿಕೆಯನ್ನು ದೂರುವುದು ನ್ಯಾಯವೇ? ನುಡಿಯು ವಿಮಾನದಲ್ಲಿ ಕಳೆದುಹೋಗಲಿಲ್ಲ. ಹೊರಡುವಾಗಲೇ ಪೆಟ್ಟಿಗೆಯಲ್ಲಿ ಅರ್ಧವಾಗಿತ್ತು.

ಅಮೇರಿಕೆಯಲ್ಲಿ ನಮ್ಮ ಮಕ್ಕಳನ್ನು ಕನ್ನಡದಲ್ಲಿ ಮಾತನಾಡಬೇಡಿರೆಂದು ತಡೆಯುವ ಹಾರ್ಡಿಂಗರು ಇಂದು ಯಾರೂ ಇಲ್ಲ. ಪಂಜಾಬಿ ಕೃಷಿಕನಿಗಿದ್ದ ಅನಿವಾರ್ಯವೂ ಇಲ್ಲ. ಗಂಡಹೆಂಡಿರಿಬ್ಬರೂ ಕನ್ನಡಿಗರಾಗಿರುವ ಮನೆಗಳು ಬಹಳವಿವೆ. ದೂರವಾಣಿಯಲ್ಲಿ ಅಜ್ಜಿಯ ಮುಖವನ್ನೇ ದಿನವೂ ಕಾಣಬಹುದು. ಇಷ್ಟು ಅನುಕೂಲಗಳಿದ್ದ ವಲಸೆಗಾರರು ಅಮೇರಿಕೆಯ ಚರಿತ್ರೆಯಲ್ಲಿ ಬೇರೆ ಇಲ್ಲ. ಇಲ್ಲದಿರುವುದು ಒಂದೇ: ಆ ಮಗುವಿಗೆ ಕನ್ನಡದಿಂದ ಆಗಬೇಕಾದ ಕೆಲಸ. ಹಸಿವಾದರೆ ಕನ್ನಡದಲ್ಲಿ ಕೇಳಿದರೆ ಮಾತ್ರ ಊಟವೆಂಬ ನಿಯಮವನ್ನು ಮಾಡಿದ ಒಂದೆರಡು ಮನೆಗಳನ್ನು ನಾವು ಬಲ್ಲೆವು. ಅಲ್ಲಿನ ಮಕ್ಕಳು ಹಸಿದೂ ಇಲ್ಲ, ಇಂಗ್ಲಿಷಿನಲ್ಲಿ ಹಿಂದೆ ಬಿದ್ದೂ ಇಲ್ಲ. ಬೇಸಗೆಗೆ ಬಂದ ಮಗುವನ್ನು ಮಳಿಗೆಯಿಂದ ಮಳಿಗೆಗೆ ಮೋಟಾರಿನಲ್ಲಿ ಸಾಗಿಸದೆ, ಚೀಟಿಯನ್ನು ಕೈಯಲ್ಲಿ ಕೊಟ್ಟು ಅಜ್ಜಿಯೊಡನೆ ಪೇಟೆಗೆ ಕಳುಹಿಸುವುದೂ ಒಂದು ಉಪಾಯ. ಸಮ್ಮೇಳನಕ್ಕೆ ಸರ್ಕಾರದ ಖರ್ಚಿನಲ್ಲಿ ಮಂತ್ರಿಗಳ ಪರಿವಾರವನ್ನು ವಿಮಾನಕ್ಕೆ ಹತ್ತಿಸುವುದಕ್ಕಿಂತ, ಅದೇ ಹಣದಲ್ಲಿ ಆ ದೇಶದ ಮಕ್ಕಳನ್ನು ಒಂದು ತಿಂಗಳು ಮೇಲುಕೋಟೆಯಲ್ಲೋ ಹೆಗ್ಗೋಡಿನಲ್ಲೋ ಇರಿಸುವ ಏರ್ಪಾಡನ್ನು ಮಾಡಿದರೆ ಪ್ರಯೋಜನವು ಹೆಚ್ಚೆಂದು ನಮಗೆ ತೋರುತ್ತದೆ. ಹಾಗೆಯೇ ೨೦೧೧ರ ಖಾನೇಷುಮಾರಿಯಲ್ಲಿ ಕನ್ನಡವನ್ನು ಮಾತೃಭಾಷೆಯೆಂದು ಹೇಳಿದವರು ಬೆಂಗಳೂರಿನಲ್ಲಿಯೇ ಅರ್ಧಕ್ಕಿಂತ ಕಡಿಮೆಯಿದ್ದರು. ಅದರಿಂದ ಭಯಪಡಬೇಕಾಗಿಲ್ಲ, ಹಳೆಯ ಪೇಟೆಯಲ್ಲಿ ಎಂದೂ ಹೀಗೆಯೇ ಇತ್ತು. ಭಯವಿರುವುದು ಹೊಸ ಬಡಾವಣೆಗಳಲ್ಲಿ. ಅಲ್ಲಿ ಹೊಸ್ತಿಲು ದಾಟಿದರೂ ಕನ್ನಡದ ಅಗತ್ಯವು ಬೀಳದಂತೆ ನಾವೇ ಏರ್ಪಡಿಸಿಕೊಟ್ಟಿದ್ದೇವೆ.

ಅಂಗಡಿಯ ಸಂಗತಿಯಲ್ಲಿ ಒಂದು ಭಾಗವನ್ನು ಹೇಳುವುದು ಉಳಿದಿದೆ. "ಕನ್ನಡ ಬರಲ್ಲ" ಎಂದ ಆ ತಾಯಿಯ ಮುಖವನ್ನು ಕಂಡು ಯಜಮಾನರು ಕ್ಷಣಕಾಲ ಸುಮ್ಮನಿದ್ದರು. ಆಮೇಲೆ ಪೊಟ್ಟಣಕ್ಕೆ ದಾರವನ್ನು ಸುತ್ತುತ್ತ, "ಬೇಜಾರು ಮಾಡ್ಕೋಬೇಡಿ ಅಮ್ಮಾ. ನನ್ನ ಮಗ ಮಾರ್ವಾಡಿ ಆಡ್ತಾನೆ. ಅವನ ಮಗ, ಇಲ್ಲೇ ಮಲ್ಲೇಶ್ವರದ ಸ್ಕೂಲಿಗೆ ಹೋಗ್ತಾನೆ, ಮಾರ್ವಾಡೀನೂ ಆಡಲ್ಲ, ಕನ್ನಡಾನೂ ಆಡಲ್ಲ. ನಾನೇನಾದ್ರೂ ಕೇಳಿದ್ರೆ 'ವಾಟ್ ದಾದಾ' ಅಂತಾನೆ" ಎಂದರು. ಹಿಡಿ ದ್ರಾಕ್ಷಿಯನ್ನು ಬಾಲಕನ ಕೈಗೆ ಹಾಕಿ, "ದ್ರಾಕ್ಷಿ" ಎಂದರು. "ದ್ರಾಕ್ಷಿ" ಎಂದನು ಹುಡುಗ. "ಎಷ್ಟಿದೆ ಎಣಿಸು ನೋಡೋಣ" ಎಂದು ಅಜ್ಜಿಯು ಹೇಳಿಕೊಡುತ್ತ ಹೋದರು; ಏಳರವರೆಗೆ ಬಂದು ಅವನು ತಿಂದುಬಿಟ್ಟನು.